ಬೀಗರೂ ಬೋಲ್ಟಿನ ವಾಷರೂ

ಯಾವುದೇ ವಸ್ತುವನ್ನು ಬಿಚ್ಚುವುದರಲ್ಲಿ ನನಗಿರುವ ಉತ್ಸಾಹ ಅದನ್ನು ಮತ್ತೆ ಜೋಡಿಸುವುದರಲ್ಲಿ ಇಲ್ಲ. ಇದು ಹುಟ್ಟುಗುಣ, ಔಷಧಿಯಿಲ್ಲ. ನಮ್ಮ ಮನೆಯ ಗೋಡೆ ಗಡಿಯಾರವನ್ನು ಒಮ್ಮೆ ಬಿಚ್ಚಿ ಜೋಡಿಸಿದೆ. ಒಂದು ಹಲ್ಲಿನ ಚಕ್ರ ಮಾತ್ರ ಮಿಕ್ಕಿತು. ಇಷ್ಟು ವರ್ಷ ಆ ಚಕ್ರ ಸುಮ್ಮನೆ ಒಳಗೆ ಕೂತು ತಿರುಗುತ್ತಿತ್ತಲ್ಲ ಎಂದು ಅದರ ಸೋಮಾರಿತನಕ್ಕೆ ನಾನೇ ಬೇಸರಪಟ್ಟುಕೊಂಡೆ. ಆಮೇಲೆ ಗಡಿಯಾರ ಗಂಟೆ ಬಾರಿಸಲು ಶುರುಮಾಡಿದರೆ ಕೀಲಿ ಇಳಿಯುವ ತನಕ ನಿಲ್ಲಿಸುತ್ತಿರಲಿಲ್ಲ. ನಮ್ಮ ಮನೆಯಲ್ಲಿ ಹೊತ್ತುಹೊತ್ತಿಗೂ ಪೂಜೆ ನಡೆಯುತ್ತಿದೆ ಎಂದು ಪಕ್ಕದ ಮನೆಯವರು ಕೆಲವು ದಿನ ನನ್ನನ್ನು ತುಂಬ ಗೌರವದಿಂದ ನೋಡಿದರು.

ಇಂಥ ನನ್ನ ಕೈಗೆ ಒಂದು ಕಾರು ಸಿಕ್ಕಿತು. ಆಗ ನಾನು ಶಿವಮೊಗ್ಗದಲ್ಲಿ ವಕೀಲ. ಕಕ್ಷಿದಾರರು ಕಡಿಮೆ, ಬಿಡುವು ಹೆಚ್ಚು. ಕಾಫಿ ತೋಟದ ದೊರೆಯೊಬ್ಬರು ತಮ್ಮ ದೇಶಕ್ಕೆ ಹೊರಡುವಾಗ ಬಿಟ್ಟುಹೋದ ವಿಲಾಯತಿ ಕಾರು ಮೂರು ನಾಲ್ಕು ಮನೆ ಸುತ್ತಿ ನಮ್ಮ ಮನೆಗೆ ಬಂದಿತ್ತು. ನನ್ನ ಹೆಂಡತಿ ಕಮಲ ಅದನ್ನು ನೋಡಿ, "ಅವ್ರು ಬಿಟ್ಟು ಹೋಗಿದ್ದೋ, ಇದರ ಕಾಟ ತಡೀಲಾರ್ದೆ ದೇಶ ಬಿಟ್ಟು ಹೋಗಿದ್ದೋ, ಸರಿಯಾಗಿ ವಿಚಾರಿಸಿದ್ರಾ?" ಎಂದು ಕೇಳಿದಳು. ನಾನು ಬಾನೆಟ್ ಎತ್ತಿ ಒಳಗೆ ಇಣುಕಿದೆ. ಕೋರ್ಟಿನಲ್ಲಿ ಮಾತಾಡುವವರಿಗೆ ಮನೆಯಲ್ಲಿ ಸುಮ್ಮನಿರುವುದು ಚೆನ್ನಾಗಿ ಅಭ್ಯಾಸವಾಗಿರುತ್ತದೆ.

ಆ ವರ್ಷ ನನ್ನ ತಂಗಿ ಗಿರಿಜೆಗೆ ಭದ್ರಾವತಿಯ ಸಂಬಂಧವೊಂದು ಕೂಡಿಬಂತು. ಹುಡುಗ ಅಲ್ಲಿನ ಹೈಸ್ಕೂಲಿನಲ್ಲಿ ಮೇಷ್ಟ್ರು. ಅವನು ನಮ್ಮ ಮನೆಗೆ ಬಂದು ನೋಡಿಕೊಂಡು ಹೋದ ದಿನದಿಂದ ಗಿರಿಜೆ ಸಾರಿಗೆ ಎರಡೆರಡು ಸಲ ಉಪ್ಪು ಹಾಕುತ್ತಿದ್ದಳು, ಆದ್ದರಿಂದ ಅವಳ ಅಭಿಪ್ರಾಯವನ್ನು ಯಾರೂ ಬೇರೆಯಾಗಿ ಕೇಳಬೇಕಾಗಲಿಲ್ಲ. ಉಳಿದದ್ದು ಹುಡುಗನ ಅಜ್ಜಿಯ ಒಪ್ಪಿಗೆ ಒಂದೇ. ಅಜ್ಜಿಗೆ ಪ್ರಯಾಣ ಆಗದು. ಹುಡುಗಿಯನ್ನು ಕಣ್ಣಾರೆ ನೋಡದೆ ಆಕೆ ಹೂಂ ಅನ್ನುವವರಲ್ಲ. ಹಾಗಾಗಿ ಗಿರಿಜೆಯನ್ನೇ ಭದ್ರಾವತಿ ನ್ಯೂ ಟೌನಿನ ಅವರ ಮನೆಗೆ ಕರೆದೊಯ್ದು, ಅಜ್ಜಿ ನೋಡಿ ಒಪ್ಪಿದರೆ ಅಲ್ಲೇ ವೀಳ್ಯಶಾಸ್ತ್ರ ಮುಗಿಸುವುದೆಂದು ಮಾತಾಯಿತು. ತಂದೆಯವರು ಇಲ್ಲದ್ದರಿಂದ ವೀಳ್ಯ ಕೊಡಬೇಕಾದವನು ನಾನು. ಶುಕ್ರವಾರ ಬೆಳಿಗ್ಗೆ, ಹತ್ತೂವರೆಗೆ ರಾಹುಕಾಲ ಹುಟ್ಟುವುದರೊಳಗೆ ಕೊಡಬೇಕು. ಅದು ತಪ್ಪಿದರೆ ಮಾರನೆಯ ದಿನದಿಂದ ಶೂನ್ಯಮಾಸ. ಶೂನ್ಯಮಾಸದಲ್ಲಿ ನಿಂತ ಮಾತು ಮತ್ತೆ ಮೇಲೆದ್ದದ್ದನ್ನು ನಮ್ಮಮ್ಮ ಎಲ್ಲೂ ಕಂಡಿರಲಿಲ್ಲವಂತೆ.

ಇಷ್ಟು ಸಾಲದೆಂಬಂತೆ, ಬೀಗರಾಗಲಿದ್ದ ಹುಡುಗನ ತಂದೆ ವೀರಭದ್ರಪ್ಪನವರು ಕಬ್ಬಿಣದ ಕಾರ್ಖಾನೆಯಲ್ಲಿ ಫೋರ್‌ಮನ್ನು. ಯಂತ್ರದ ಸದ್ದು ಕೇಳಿಯೇ ಅದರ ಯಜಮಾನನ ಯೋಗ್ಯತೆ ಹೇಳುತ್ತಾರೆಂದು ಮಧ್ಯಸ್ಥರು ನನ್ನ ಕಿವಿಯಲ್ಲಿ ಹೇಳಿದ್ದರು. ನಮ್ಮ ಕಾರಿನ ಸದ್ದು ಆಗ ಗಂಟಲು ಕೆಟ್ಟ ಮುದುಕನ ಸದ್ದಿನ ಹಾಗಿತ್ತು. ಆಯಿಲ್ ಬದಲಾಯಿಸಿದರೆ ಗಂಟಲು ಸರಿಹೋದೀತು ಅನ್ನಿಸಿತು. ಗ್ಯಾರೇಜಿನ ಬಾಷಾ ಸಾಹೇಬರನ್ನು ಕೇಳೋಣವೆಂದರೆ ಅವರು ನೆಂಟರ ಮದುವೆಗೆಂದು ಕುಂಸಿಗೆ ಹೋಗಿದ್ದರು. ಊರಿನಲ್ಲಿ ಬೇರೆ ಮೆಕ್ಯಾನಿಕ್‌ಗಳು ಇರಲಿಲ್ಲವೆಂದಲ್ಲ. ಆದರೆ ನನ್ನ ಕೈ ಕಡಿಯುತ್ತಿತ್ತು.

ಎಂಜಿನ್ನಿನ ತಳದಲ್ಲಿ ಒಂದು ಬೋಲ್ಟು ಇರುತ್ತದೆ. ಅದನ್ನು ಬಿಚ್ಚಿದರೆ ಹಳೆಯ ಆಯಿಲ್ ಇಳಿದುಹೋಗುತ್ತದೆ. ಮತ್ತೆ ಬಿಗಿದು ಮೇಲಿನಿಂದ ಹೊಸದನ್ನು ಹೊಯ್ದರೆ ಮುಗಿಯಿತು. ಗುರುವಾರ ಬೆಳಿಗ್ಗೆ ಕಾರಿನಡಿ ನುಸುಳಿ ಬೋಲ್ಟು ಬಿಚ್ಚಿದೆ. ಡಾಂಬರಿನಂಥ ಆಯಿಲ್ ಹಳೆಯ ಬಾಣಲೆಗೆ ಇಳಿಯಿತು. ಅದೇ ಹೊತ್ತಿಗೆ ಆಯನೂರಿನ ನನ್ನ ಕಕ್ಷಿದಾರ ಹಾಲಪ್ಪ ಎತ್ತಿನ ಗಾಡಿ ಹೊಡೆದುಕೊಂಡು ಬಂದ. ಅವನ ಕೇಸಿಗೆ ಮುಂದಿನ ತಾರೀಕು ಸಿಕ್ಕಿದೆಯೆಂದು ಹೇಳಿದೆ. ಅವನ ಗಮನ ನನ್ನ ಮಾತಿನ ಮೇಲಿರಲಿಲ್ಲ, ಬಾಣಲೆಯ ಮೇಲಿತ್ತು. "ಇದನ್ನ ಚೆಲ್ತೀರಾ ಸ್ವಾಮಿ? ಗಾಡಿ ಅಚ್ಚಿಗೆ ಹಾಕಿ, ಮಿಕ್ಕಿದ್ದು ಕೊಟ್ಟಿಗೆ ಕಂಬಕ್ಕೆ ಬಳಿದ್ರೆ ಗೆದ್ಲು ಹತ್ರ ಸುಳಿಯಲ್ಲ," ಎಂದ. ಕೇಸಿನಲ್ಲಿ ಏನೂ ಕೊಡಿಸಲಾಗದ ನಾನು ಇದನ್ನಾದರೂ ಕೊಡೋಣವೆಂದು ಧಾರಾಳವಾಗಿ, "ತಗೊಂಡ್ಹೋಗು ಮಾರಾಯ," ಎಂದೆ. ತಳದಲ್ಲಿ ಒಂದು ತೊಟ್ಟೂ ಬಿಡದೆ ತನ್ನ ಡಬ್ಬಕ್ಕೆ ಬಗ್ಗಿಸಿಕೊಂಡು ಹೋದ.

ಬೋಲ್ಟನ್ನು ಒರೆಸಿ ಹಾಕಲು ಹೋದಾಗ ಅದರ ಕೊರಳು ಬೋಳಾಗಿರುವುದು ಕಂಡಿತು. ಬೋಲ್ಟಿನ ತಲೆಗೂ ತಳದ ತಗಡಿಗೂ ನಡುವೆ ತಾಮ್ರದ ತೆಳ್ಳನೆಯ ವಾಷರ್ ಇರಬೇಕು. ಆಯಿಲ್ ಸೋರದಂತೆ ತಡೆಯುವುದೇ ಅದು. ಬಿಚ್ಚುವಾಗ ಅದು ಬಾಣಲೆಗೆ ಬಿದ್ದಿತ್ತು, ಈಗ ಹಾಲಪ್ಪನ ಡಬ್ಬದಲ್ಲಿ ಕೂತು ಆಯನೂರಿಗೆ ಹೊರಟಿತ್ತು. ಬಸ್ ಸ್ಟ್ಯಾಂಡಿನ ಹತ್ತಿರದ ಬಿಡಿಭಾಗದ ಅಂಗಡಿಗೆ ಓಡಿದೆ. ಅಂಗಡಿಯವರು ಬೋಲ್ಟನ್ನು ತಿರುಗಿಸಿ ಮುರುಗಿಸಿ ನೋಡಿ, "ಈ ಸೈಜು ನಮ್ಮ ದೇಶದ್ದಲ್ಲ ಸ್ವಾಮಿ. ಬೆಂಗಳೂರಿಗೆ ಬರೆದು ತರಿಸ್ಬೇಕು," ಎಂದರು. ತಂಗಿಯ ಮದುವೆ ಉಂಗುರದಷ್ಟಿರುವ ತಗಡಿಗೆ ಬಂದು ನಿಂತಿತ್ತು. ಆ ಕಾಲದಲ್ಲಿ ಬಾಡಿಗೆ ಕಾರು ಹಿಡಿಯಬಹುದಿತ್ತು, ಬಸ್ಸೂ ಇತ್ತು. ಆದರೆ ಸ್ವಂತ ಕಾರಿನಲ್ಲಿ ಬರುತ್ತೇವೆಂದು ಬೀಗರಿಗೆ ಹೇಳಿ ಕಳಿಸಿದವನು ನಾನೇ, ಅದೂ ಕೇಳದೇ ಇದ್ದಾಗ.

ಮನೆಯಲ್ಲಿ ಸಭೆ ಸೇರಿತು. ಪಂಪ್ ಸ್ಟೌವಿನ ಚರ್ಮದ ವಾಷರ್ ಆದೀತೆಂದು ನಾನು ಆಸೆಯಿಂದ ಅಡುಗೆಮನೆಯ ಕಡೆ ನೋಡಿದೆ. ಕಮಲ ಸ್ಟೌವಿಗೆ ಅಡ್ಡ ನಿಂತು, "ನಾಳೆ ಬೆಳಿಗ್ಗೆ ಕಾಫಿ ಬೇಡ ಅಂತಿದ್ರೆ ಬಿಚ್ಚಿ," ಎಂದಳು. ಕಾಫಿಯಿಲ್ಲದೆ ನಾನು ವೀಳ್ಯ ಕೊಡಲಾರೆ. ಆಗ ಅಮ್ಮ, "ಅಡಿಕೆ ಹಾಳೆ ಇಲ್ವೇನೋ? ಹಾಳೆ ಟೋಪಿ ಹಾಕ್ಕೊಂಡ್ರೆ ಎಂಥ ಮಳೇಲೂ ತಲೆ ಒದ್ದೆ ಆಗಲ್ಲ. ನಿನ್ನ ಆಯಿಲ್ಲು ಮಳೆಗಿಂತ ಜೋರಾ?" ಎಂದರು. ವಾದದಲ್ಲಿ ತಪ್ಪು ಹುಡುಕುವುದೇ ನನ್ನ ವೃತ್ತಿ, ಆದರೂ ಆ ಕ್ಷಣದಲ್ಲಿ ಒಂದೂ ಸಿಗಲಿಲ್ಲ. ಅಮ್ಮ ಗಾಳಿ ಬೀಸಿಕೊಳ್ಳುತ್ತಿದ್ದ ಹಾಳೆ ಬೀಸಣಿಗೆಯನ್ನೇ ಇಸಿದುಕೊಂಡು ಕತ್ತರಿಯಿಂದ ನಾಲ್ಕೈದು ಬಳೆ ಕತ್ತರಿಸಿ, ಒಂದರ ಮೇಲೊಂದು ಪೇರಿಸಿ ಬೋಲ್ಟು ಬಿಗಿದೆ. ಹೊಸ ಆಯಿಲ್ ಹೊಯ್ದೆ. ಒಂದು ಹನಿಯೂ ಸೋರಲಿಲ್ಲ. ಆ ಸಂಜೆ ನನಗೆ ನಾನೇ ತುಂಬ ಇಷ್ಟವಾದೆ.

ಶುಕ್ರವಾರ ಬೆಳಿಗ್ಗೆ ಅಮ್ಮ, ಕಮಲ, ಗಿರಿಜೆ, ಹೂವು, ಹಣ್ಣು, ತೆಂಗಿನಕಾಯಿ, ಎಲ್ಲವನ್ನೂ ತುಂಬಿಕೊಂಡು ಹೊರಟೆವು. ಎಂಜಿನ್ನಿನ ಸದ್ದು ನಿಜಕ್ಕೂ ಮೆತ್ತಗಾಗಿತ್ತು. ನ್ಯೂ ಟೌನಿನಲ್ಲಿ ಎಲ್ಲ ರಸ್ತೆಯೂ ಒಂದೇ ನೇರ, ಎಲ್ಲ ಮನೆಯೂ ಒಂದೇ ಥರ. ಮೊದಲು ಬೇರೆ ಯಾರದೋ ಮನೆಗೆ ನುಗ್ಗಿ, ಅವರು ಕೊಟ್ಟ ನೀರು ಕುಡಿದು, ಕೊನೆಗೆ ಸರಿಯಾದ ಮನೆ ಸೇರಿದೆವು. ವೀರಭದ್ರಪ್ಪನವರು ರೇಷ್ಮೆ ಪಂಚೆ ಉಟ್ಟು, ಹಣೆಗೆ ವಿಭೂತಿ ಧರಿಸಿ ಗೇಟಿನಲ್ಲೇ ನಿಂತಿದ್ದರು. ಕಾರನ್ನು ಒಳಗೆ, ವರಾಂಡದ ಎದುರಿಗೇ ನಿಲ್ಲಿಸಲು ಹೇಳಿದರು. ಅಜ್ಜಿ ಇನ್ನೂ ಒಳಗೆ ಶಿವಪೂಜೆಯಲ್ಲಿದ್ದರು. ನಮಗೆ ಉಪ್ಪಿಟ್ಟು, ಕಾಫಿ ಆಯಿತು. "ಸೌಂಡು ಚೆನ್ನಾಗಿದೆ ಕಣ್ರೀ ವಕೀಲ್ರೆ," ಎಂದು ವೀರಭದ್ರಪ್ಪನವರು ಹೊಗಳಿದರು. ನಾನು ನಾಚಿಕೊಳ್ಳುತ್ತಿರುವಾಗಲೇ ಅವರು ಕಿವಿ ನೆಟ್ಟಗೆ ಮಾಡಿ, "ತಡೀರಿ, ಏನೋ ತೊಟ್ಟಿಕ್ತಾ ಇದೆ," ಎಂದರು.

ಕಾರಿನಡಿ ರಂಗೋಲಿಯ ಮೇಲೆ ಕರಿ ಚುಕ್ಕೆ ಬೀಳುತ್ತಿತ್ತು. ಬಿಸಿ ತಾಗಿ ಹಾಳೆ ಬಾಗಿಕೊಂಡಿತ್ತೆಂದು ಕಾಣುತ್ತದೆ. "ಏನಿಲ್ಲ, ಆಮೇಲೆ ನೋಡಿದ್ರಾಯ್ತು," ಎಂದೆ. ಅವರಿಗೆ ಆಮೇಲೆ ಎಂಬುದು ಇರಲಿಲ್ಲ. ಸೋರುವುದನ್ನು ನೋಡಿಕೊಂಡು ಸುಮ್ಮನೆ ಕೂರುವುದು ಕಾರ್ಖಾನೆಯವರ ಕೈಲಿ ಆಗುವ ಕೆಲಸವಲ್ಲವಂತೆ. ಮನೆಯಿಂದ ಸ್ಪ್ಯಾನರ್ ತಂದು ರೇಷ್ಮೆ ಪಂಚೆಯಲ್ಲೇ ಕಾರಿನಡಿ ನುಸುಳಿದರು. ಬರೀ ಬಿಗಿದು ಬಂದಿದ್ದರೆ ಎಲ್ಲ ಸರಿಹೋಗುತ್ತಿತ್ತು. ಆದರೆ ಒಳಗೆ ಎಂಥ ವಾಷರ್ ಇದೆಯೆಂದು ನೋಡುವ ಚಪಲಕ್ಕೆ ಬಿದ್ದು ಪೂರಾ ಬಿಚ್ಚಿದರು. "ಅಯ್ಯೋ, ಇದೇನ್ರೀ ಇದು, ಹಾಳೆ!" ಎಂಬ ಕೂಗು ಬಂತು, ಅದರ ಹಿಂದೆಯೇ ಬೋಲ್ಟು ಟಣ್ ಟಣ್ ಎಂದು ಎಲ್ಲಿಗೋ ಉರುಳಿದ ಸದ್ದು. ಬಗ್ಗಿ ನೋಡಿದರೆ ವೀರಭದ್ರಪ್ಪನವರು ತೂತಿಗೆ ಬಲಗೈ ಹೆಬ್ಬೆರಳು ತುರುಕಿಕೊಂಡು ಅಂಗಾತ ಮಲಗಿದ್ದರು.

ಎಲ್ಲರೂ ಬೋಲ್ಟು ಹುಡುಕಲು ನಿಂತರು, ನಾನು ಕಾರಿನಡಿಗೆ ತಲೆ ತೂರಿಸಿದೆ. ಸಿಗಲಿಲ್ಲ. "ಒಂದು ಬೋಗುಣಿ ಇಟ್ಟು ಆಯಿಲ್ ಇಳಿಸಿಬಿಡಿ," ಎಂದಳು ಕಮಲ. ಅಷ್ಟರಲ್ಲಿ ಪೂಜೆ ಮುಗಿಸಿ, ಗಿರಿಜೆಯನ್ನು ಕಣ್ತುಂಬ ನೋಡಿ ತಲೆದೂಗಿ, ವರಾಂಡದ ಕುರ್ಚಿಗೆ ಬಂದು ಕೂತಿದ್ದ ಅಜ್ಜಿ, "ಶುಭಕಾರ್ಯದ ದಿನ ಅಡಿಗೆ ಪಾತ್ರೆಗೆ ಗಾಡಿ ಎಣ್ಣೆಯಾ?" ಎಂದು ತಡೆದರು. ಬಚ್ಚಲ ಬಕೀಟು ಕಾರಿನಡಿ ಹಿಡಿಸಲಿಲ್ಲ. ಶಾಸ್ತ್ರ ಮಾಡಿಸಲು ಬಂದಿದ್ದ ಅಯ್ಯನವರು ಗಡಿಯಾರ ನೋಡಿ, "ರಾಹುಕಾಲ ಹತ್ರ ಬಂತು. ವೀಳ್ಯ ಕೊಡೋರು ಕೊಡಿ, ತಗೊಳೋರು ತಗೊಳಿ," ಎಂದು ಕೂಗಿದರು. ಬಗ್ಗಿದಲ್ಲಿಂದಲೇ ಬಾಗಿಲ ಮರೆಯಲ್ಲಿದ್ದ ಗಿರಿಜೆಯ ಮುಖ ನೋಡಿದೆ. ಪಾಪ, ಅಳುವುದಕ್ಕೆ ಶುರುಮಾಡಿದ್ದಳು. ನನಗೂ ಅಳು ಬಂತು.

"ತಟ್ಟೆ ಇಲ್ಲಿಗೇ ತನ್ನಿ!" ಎಂದು ಕಾರಿನಡಿಯಿಂದ ಬೀಗರ ಅಪ್ಪಣೆಯಾಯಿತು. ನಾನು ವೀಳ್ಯದ ತಟ್ಟೆ ಹಿಡಿದು ಮಲಗಿಕೊಂಡು ಒಳಗೆ ಸರಿದೆ. ತೆಂಗಿನಕಾಯಿ ತಗಡಿಗೆ ತಗುಲಿತು, ಅದನ್ನು ಎದೆಯ ಮೇಲೆ ಇಟ್ಟುಕೊಂಡೆ. ಅಯ್ಯನವರು ಚಕ್ರದ ಪಕ್ಕದಲ್ಲಿ ಕುಕ್ಕರುಗಾಲಿನಲ್ಲಿ ಕೂತು ಮಂತ್ರ ಶುರುಮಾಡಿದರು. ವೀರಭದ್ರಪ್ಪನವರು ಖಾಲಿ ಇದ್ದ ಎಡಗೈ ಚಾಚಿದರು. ಮಂತ್ರ ಗಕ್ಕನೆ ನಿಂತಿತು. "ಎಡಗೈಲಿ ವೀಳ್ಯ ತಗೊಳೋದುಂಟಾ!" ಎಂದು ಅಯ್ಯನವರೂ ಅಜ್ಜಿಯೂ ಒಟ್ಟಿಗೆ ಗದರಿದರು. ಬಲಗೈ ತೆಗೆದರೆ ಆಯಿಲ್, ತೆಗೆಯದಿದ್ದರೆ ರಾಹುಕಾಲ. ಕೊನೆಗೆ ನನ್ನ ಎಡಗೈ ಹೆಬ್ಬೆರಳನ್ನು ತೂತಿನ ಹತ್ತಿರ ಹಿಡಿದೆ. ಅವರು "ಹೂಂ" ಎಂದು ತಮ್ಮದನ್ನು ಎಳೆದರು, ನಾನು ನನ್ನದನ್ನು ತುರುಕಿದೆ. ನಡುವೆ ಇಬ್ಬರ ಮುಖಕ್ಕೂ ಸಮಪಾಲಾಗಿ ಅಭಿಷೇಕವಾಯಿತು. ನನ್ನ ಬಲಗೈಯಿಂದ ಅವರ ಬಲಗೈಗೆ ವೀಳ್ಯ ಹೋಯಿತು. ಹೊರಗೆ ಹೆಂಗಸರು ಅಕ್ಷತೆ ಎರಚಿದರು. ಅದರಲ್ಲಿ ಅರ್ಧ ನನ್ನ ಪಾದಗಳ ಮೇಲೆ ಬಿತ್ತು, ಹೊರಗೆ ಕಾಣುತ್ತಿದ್ದುದು ಅವೇ ತಾನೆ.

ಬೀಗರು ಸರಾಗವಾಗಿ ಹೊರಗೆ ಜಾರಿಕೊಂಡರು. ನಾನು ಅಲ್ಲೇ ಉಳಿದೆ. ಗಿರಿಜೆ ಅಜ್ಜಿಯ ಕಾಲಿಗೆ ಬಿದ್ದಾಗ ಕುರ್ಚಿಯ ಕೆಳಗೆ ಅಡಗಿದ್ದ ಬೋಲ್ಟು ಅವಳ ಕಣ್ಣಿಗೆ ಬಿತ್ತು. ಹೊಸ ಸೀರೆಯಲ್ಲೇ ಓಡಿಬಂದು ಬಗ್ಗಿ, "ಅಣ್ಣಾ, ಸಿಕ್ತು!" ಎಂದು ನನ್ನ ಕೈಗೆ ಕೊಡುವಷ್ಟರಲ್ಲಿ ವೀರಭದ್ರಪ್ಪನವರು ನಡುವೆ ಬಂದು ಇಸಿದುಕೊಂಡರು. "ವಾಷರ್ ಇಲ್ದೆ ಹಾಕೋ ಹಾಗಿಲ್ಲ ವಕೀಲ್ರೆ. ನಮ್ಮ ಮನೆಗೆ ಬಂದ ಗಾಡಿ ಸೋರ್ಕೊಂಡು ಹೋದ್ರೆ ನನ್ನ ಮರ್ಯಾದೆ ಏನಾಗ್ಬೇಕು? ತಾಮ್ರದ ತಗಡು ಇದೆ, ಈಗ ಮಾಡ್ತೀನಿ," ಎಂದರು. ಗಂಡಿನ ತಂದೆ ಹಾಕಬೇಡ ಎಂದಮೇಲೆ ಹೆಣ್ಣಿನ ಅಣ್ಣ ಹಾಕುವುದುಂಟೇ? ಹಿತ್ತಲಿನಲ್ಲಿ ಅರ ಹಾಕಿ ಉಜ್ಜುವ ಸದ್ದು ಶುರುವಾಯಿತು. ಒಂದು ವಾಷರ್ ಮಾಡಿದರಂತೆ, ಅಂಚು ಸ್ವಲ್ಪ ಓರೆಯಾಯಿತೆಂದು ಎಸೆದು ಇನ್ನೊಂದು ಶುರುಮಾಡಿದರಂತೆ. ಅಷ್ಟರಲ್ಲಿ ಒಳಗೆ ಪಂಕ್ತಿಗೆ ಎಲೆ ಹಾಕಿದರು. ಕಮಲ ಒಂದು ಹೋಳಿಗೆಯನ್ನು ಸುರುಳಿ ಸುತ್ತಿ ಕಾರಿನಡಿಗೆ ಚಾಚಿ, "ತುಪ್ಪ ಹಾಕಿಲ್ಲ, ಅಲ್ಲೇ ಬೇಕಾದಷ್ಟು ಇದ್ಯಲ್ಲ," ಎಂದು ಹೋದಳು. ನನ್ನ ಹೆಬ್ಬೆರಳು ಬಿಡುಗಡೆಯಾದಾಗ ಅಜ್ಜಿ ಊಟ ಮುಗಿಸಿ ಒಳಗೆ ಮಲಗಿದ್ದರು. ಮುಖ ತೊಳೆದುಕೊಂಡು, ಅವರನ್ನು ಎಬ್ಬಿಸುವುದು ಬೇಡವೆಂದು ಹಾಗೇ ಹೊರಟುಬಂದೆವು. ಹೊಸ ವಾಷರ್ ಮಾತ್ರ ಅದ್ಭುತವಾಗಿತ್ತು, ಒಡವೆಯ ಹಾಗೆ ಹೊಳೆಯುತ್ತಿತ್ತು.

ಶೂನ್ಯಮಾಸ ಕಳೆದು ಶಿವಮೊಗ್ಗದಲ್ಲಿ ಮದುವೆಯಾಯಿತು. ನಾನು ಕರಿ ಕೋಟು, ಜರಿ ಪೇಟ, ಹೊಸ ಬೂಟು ಹಾಕಿಕೊಂಡು ಚಪ್ಪರದ ಬಾಗಿಲಲ್ಲಿ ಬೀಗರನ್ನು ಎದುರುಗೊಂಡೆ. ಪ್ರಯಾಣ ಆಗದ ಅಜ್ಜಿಯೂ ಮೊಮ್ಮಗನ ಮದುವೆಗೆಂದು ಹಟ ಹಿಡಿದು ಬಂದಿದ್ದರು. ನನ್ನನ್ನು ಮೇಲಿಂದ ಕೆಳಗೆ ನೋಡಿ ಮುಂದಕ್ಕೆ ಹೋಗಿ, "ಎಲ್ಲಿ, ಹುಡುಗಿ ಅಣ್ಣ ಬಂದೇ ಇಲ್ವಲ್ಲ?" ಎಂದು ಕೇಳಿದರು. "ಇವ್ರೇ ಕಣವ್ವ," ಎಂದರು ವೀರಭದ್ರಪ್ಪನವರು. ಅಜ್ಜಿ ನಂಬಲಿಲ್ಲ. "ಬೂಟು ಬಿಡಪ್ಪ ಸ್ವಲ್ಪ," ಎಂದರು. ಬಿಟ್ಟೆ. "ಕಾಲೆತ್ತು." ಚಪ್ಪರದ ಕಂಬ ಹಿಡಿದುಕೊಂಡು, ವಾಲಗ ಊದುತ್ತಿರುವಾಗ, ಇಡೀ ದಿಬ್ಬಣದ ಎದುರು ಒಂಟಿ ಕಾಲಿನಲ್ಲಿ ನಿಂತು ಅಂಗಾಲು ತೋರಿಸಿದೆ. ಅಜ್ಜಿ ಬಗ್ಗಿ ನೋಡಿದರು, ಅವರ ಮುಖ ಅರಳಿತು.

"ಹೌದು, ಇವ್ನೇ," ಎಂದು ಎಲ್ಲರಿಗೂ ಕೇಳುವಂತೆ ಹೇಳಿ, ಮತ್ತೊಮ್ಮೆ ನನ್ನ ಮುಖದ ಕಡೆ ಕಣ್ಣು ಹಾಯಿಸಿ, "ಪಾದ ನೋಡಿ ಒಪ್ಕೊಂಡೆ ಕಣಪ್ಪ. ಮುಖಾನೇ ಮೊದ್ಲು ನೋಡಿದ್ದಿದ್ರೆ ಸ್ವಲ್ಪ ಯೋಚ್ನೆ ಮಾಡ್ತಿದ್ದೆ," ಎಂದರು.