ಲಕ್ಕಮ್ಮನನ್ನು ಯಾವ ಇಸವಿಯಲ್ಲಿ ಇಳಿಸಿದಿರಿ?

ಮಾನ್ಯರೇ,

ಕಾಲಗಂಗೆ ಹಡಗಿನ ಯಜಮಾನರಾದ ತಮ್ಮ ಸನ್ನಿಧಾನಕ್ಕೆ ಜಕ್ಕೂರು ಹಳೇ ಊರಿನ ಬ್ಯಾಟರಾಯಪ್ಪ ಮಾಡುವ ನಮಸ್ಕಾರಗಳು. ಮಂಡಿನೋವೊಂದನ್ನು ಬಿಟ್ಟರೆ ನಾನಿಲ್ಲಿ ಕ್ಷೇಮ. ತಾವು ಈಗ ಯಾವ ಶತಮಾನದಲ್ಲಿದ್ದೀರೋ ಅಲ್ಲಿ ಸಕುಟುಂಬ ಸುಖವಾಗಿರುವಿರೆಂದು ನಂಬಿದ್ದೇನೆ. ನನ್ನ ಕುಟುಂಬ ಮಾತ್ರ ತಮ್ಮ ಹಡಗು ಹತ್ತಿ ಹೋಗಿ ಇಂದಿಗೆ ಹತ್ತೊಂಬತ್ತು ದಿನವಾಯಿತು.

ತಮ್ಮ ಸಂಸ್ಥೆಯ ಘನ ಇತಿಹಾಸವನ್ನು ಕೆರೆ ಏರಿಯ ಮೇಲೆ ತಾವೇ ನೆಡಿಸಿರುವ ಕಲ್ಲಿನಲ್ಲಿ ಓದಿ ಪುನೀತನಾಗಿದ್ದೇನೆ. ಕ್ರಿ.ಶ. ೨೧೬೧ರಲ್ಲಿ ಸ್ಥಾಪನೆಯಾಗಲಿರುವ ಸಂಸ್ಥೆಯೊಂದು ತನ್ನ ಬೆಳ್ಳಿಹಬ್ಬವನ್ನು ಹೋದ ಯುಗಾದಿಯಲ್ಲೇ ಮುಗಿಸಿಕೊಂಡಿದ್ದು ಸಾಮಾನ್ಯ ಸಾಧನೆಯಲ್ಲ. ಮೊದಲ ಯಾನದಲ್ಲಿ ತಮ್ಮ ಹಡಗು ಹಳೆಯ ನಕಾಶೆಯನ್ನು ನಂಬಿ ಮತ್ತಿಕೆರೆ ಕಡೆಯ ಒಂದು ಕೆರೆಗೆ ಹೊರಟು, ಆ ಕೆರೆಯ ಜಾಗದಲ್ಲಿ ಎದ್ದಿದ್ದ ಬಾಡಿಗೆ ಕೋಣೆಗಳ ಕಟ್ಟಡದ ಮೂರನೇ ಮಹಡಿಯಲ್ಲಿ ಪ್ರತ್ಯಕ್ಷವಾಯಿತಂತೆ. ಒಂಬತ್ತು ಗಂಟೆಯ ಮೇಲೆ ಗೆಸ್ಟ್ ಬರುವಂತಿಲ್ಲ ಎಂದು ಓನರ್ ಹೇಳಿದ ಒಂದೇ ಮಾತಿಗೆ ತಾವು ಹಡಗನ್ನು ಹಿಂದಕ್ಕೆ ತೆಗೆದುಕೊಂಡಿರೆಂಬುದು ತಮ್ಮ ವಿನಯಕ್ಕೆ ಸಾಕ್ಷಿ. ಅಂದಿನಿಂದ, ಹಿಂದೆಯೂ ಮುಂದೆಯೂ ನೀರಿರುವ ಕೆರೆ ಇದೊಂದೇ ಎಂದು ನಮ್ಮ ಜಕ್ಕೂರು ಕೆರೆಯಲ್ಲಿ ಲಂಗರು ಹಾಕಿದ್ದೀರಿ. ಮುಂದೆಯೂ ನೀರಿರುತ್ತದೆ ಎಂಬ ಸುದ್ದಿ ಕೇಳಿ ಊರಿಗೆ ಊರೇ ಸಮಾಧಾನಪಟ್ಟಿದೆ.

ಇನ್ನು ನನ್ನ ಅಹವಾಲು. ಕಾರ್ತೀಕದ ಮೊದಲ ಸೋಮವಾರ ನನ್ನ ಹೆಂಡತಿ ಲಕ್ಕಮ್ಮ ಹೆಸರುಕಾಳು, ದಂಟಿನ ಸೊಪ್ಪು ಹಾಕಿ ಬಸ್ಸಾರು ಮಾಡಿದ್ದಳು. ನಾನು ಒಂದು ತುತ್ತು ಮುದ್ದೆ ನುಂಗಿ, ಮದುವೆಯಾದ ನಲವತ್ತು ವರ್ಷಗಳಿಂದ ಹೇಳಿಕೊಂಡು ಬಂದಂತೆ, "ಉಪ್ಪು ಕಮ್ಮಿ. ನಮ್ಮವ್ವ ಮಾಡ್ದಂಗಿಲ್ಲ" ಎಂದೆ. ನಮ್ಮವ್ವ ನನ್ನ ಮದುವೆಗೆ ಮೊದಲೇ ತೀರಿಕೊಂಡವಳು. ಲಕ್ಕಮ್ಮ ಆಕೆಯನ್ನು ಕಂಡವಳಲ್ಲ. ಅವಳು ಕೈ ತೊಳೆದು, ನೀಲಿ ವೈರಿನ ಬುಟ್ಟಿಯಲ್ಲಿ ಒಂದು ಸೀರೆ ಇಟ್ಟುಕೊಂಡು ಹೊಸಿಲು ದಾಟಿದಳು.

ಹೊರಟವರನ್ನು ಎಲ್ಲಿಗೆ ಎಂದು ಕೇಳಬಾರದು. ಕೇಳಿದರೆ ಹೋದ ಕೆಲಸ ಆಗುವುದಿಲ್ಲ ಎಂದು ನಮ್ಮ ಕಡೆ ಹಿಂದಿನಿಂದ ನಡೆದುಬಂದಿದೆ. ಆದ್ದರಿಂದ ನಾನು ಪದ್ಧತಿಯಂತೆ "ದೂರಾನಾ?" ಎಂದೆ. ಅವಳೂ ಪದ್ಧತಿಯಂತೆ "ಇಲ್ಲೇ, ಹೋಗ್ಬತ್ತೀನಿ" ಎಂದಳು. ಅವಳು ನೆಟ್ಟಗೆ ಕೆರೆಗೆ ಇಳಿದು ತಮ್ಮ ಹಡಗು ಹತ್ತಿದ್ದನ್ನು ಅರ್ಧ ಊರು ನೋಡಿತು, ಮತ್ತು ಊರಿನವರೆಲ್ಲ ಮರ್ಯಾದಸ್ಥರಾದ ಕಾರಣ ಯಾರೂ ಯಾವ ಇಸವಿಗೆ ಎಂದು ಕೇಳಲಿಲ್ಲ.

ಏರಿಯ ಮೇಲಿನ ತಮ್ಮ ಟಿಕೆಟ್ ಕಿಟಕಿಯಲ್ಲಿ ಕೂರುವ ಗದಗದ ಕಡೆಯ ಹೆಣ್ಣುಮಗಳು ಪದ್ಮಶ್ರೀ ನನ್ನನ್ನು ಬಹಳ ಅಂತಃಕರಣದಿಂದ ಕಂಡಳು. "ಯಾವ ಇಸ್ವಿಗೆ ಹೋಗ್ಯಾರ ಅಂತ ಗೊತ್ತಿಲ್ದ ಹೆಂಗ ಹುಡುಕೂದ್ರೀ ಯಜಮಾನ್ರ?" ಎಂದಳು. ಕೇಳಬಾರದಲ್ಲವೇನಮ್ಮ ಎಂದೆ. ಅವಳು ಪೆನ್ನು ಕೆಳಗಿಟ್ಟು, "ಖರೇ, ನಮ್ಮ ಕಡೇನೂ ಕೇಳಂಗಿಲ್ಲರೀ" ಎಂದಳು. ಪ್ರಯಾಣಿಕರ ರಿಜಿಸ್ಟರು ಹೆಡ್ಡಾಫೀಸಿನಲ್ಲಿದೆಯಂತೆ, ಹೆಡ್ಡಾಫೀಸು ಇನ್ನೂ ಆಗಬೇಕಂತೆ. ಇಂಥ ಶಿಸ್ತನ್ನು ನಾನು ಈ ಶತಮಾನದ ಕಚೇರಿಗಳಲ್ಲೂ ಕಂಡಿದ್ದೇನೆ. ಆದರೂ ತಮ್ಮದು ಒಂದು ಕೈ ಮೇಲು.

ಹತ್ತೊಂಬತ್ತು ದಿನ ನಾನೇ ಅಡುಗೆ ಮಾಡಿಕೊಂಡು ಉಂಡೆ. ನಿನ್ನೆ ಬಸ್ಸಾರಿಗೆ ಕೈ ಹಾಕಿ, ಅದು ಕೆಟ್ಟು, ಸುಮ್ಮನೆ ಒಲೆಯ ಮುಂದೆ ಕೂತಿದ್ದಾಗ ಎಪ್ಪತ್ತೊಂಬತ್ತನೇ ಇಸವಿಯ ಒಂದು ಸಂಗತಿ ನೆನಪಾಯಿತು. ಆಗ ನನಗೆ ಇಪ್ಪತ್ತೆರಡು. ಅರವತ್ತರ ಒಬ್ಬ ಹೆಂಗಸು ನಮ್ಮ ಮನೆಗೆ ಬಂದು ಮೂರು ದಿನ ಇದ್ದಳು. ದೂರದ ನೆಂಟಳೆಂದು ಅವ್ವ ಅವಳನ್ನು ಅಕ್ಕ, ಅಕ್ಕ ಎಂದು ಕರೆಯುತ್ತಿದ್ದಳು. ಆ ಹೆಂಗಸಿಗೆ ಹಾಗೆ ಕರೆಸಿಕೊಳ್ಳುವುದು ಬಹಳ ಖುಷಿ. ಬಸ್ಸಾರು ಅವಳೇ ಮಾಡಿದಳು. ಬಡಿಸುವ ಮೊದಲು ಸೌಟನ್ನು ಮಡಕೆಯ ಅಂಚಿಗೆ ಎರಡು ಸಲ ತಟ್ಟಿ, ನನ್ನ ಮುಖವನ್ನೇ ನೋಡುತ್ತಾ "ಉಪ್ಪು ನೋಡಪ್ಪ" ಎಂದಳು. ಸರಿಯಾಗಿದೆ, ಇಂಥದ್ದು ಹುಟ್ಟಿದಾಗಿನಿಂದ ಉಂಡಿಲ್ಲ ಎಂದೆ. ಅವಳು ಸೆರಗಿನಿಂದ ಕಣ್ಣೊರೆಸಿಕೊಂಡಳು. ಒಲೆಯ ಹೊಗೆ ಎಂದುಕೊಂಡೆ. ಆಮೇಲೆ ಅವ್ವ ಎಷ್ಟು ಸಲ ಮಾಡಿದರೂ ಆ ರುಚಿ ಬರಲಿಲ್ಲ. ಅವ್ವ ಹೋದ ಮೇಲೆ ನಾನು ಆ ಮೂರು ದಿನದ ರುಚಿಯನ್ನೆಲ್ಲ ಅವಳ ಹೆಸರಿಗೆ ಸೇರಿಸಿಬಿಟ್ಟೆ.

ನೆಂಟಳ ಕೈಯಲ್ಲಿ ನೀಲಿ ವೈರಿನ ಬುಟ್ಟಿ ಇತ್ತು, ಮಾನ್ಯರೇ. ಲಕ್ಕಮ್ಮನೂ ಸೌಟನ್ನು ಎರಡೇ ಸಲ ತಟ್ಟುವುದು. ಅಂದರೆ ನಲವತ್ತು ವರ್ಷ ಅವಳ ಅಡುಗೆ ಅವಳದೇ ಅಡುಗೆಯ ಹಾಗಿಲ್ಲವೆಂದು ನಾನು ಜರಿದಿದ್ದೇನೆ. ನನಗೆ ನಾಚಿಕೆಯಾಗಿದೆ.

ನಾಲ್ಕನೇ ದಿನ ಬೆಳಗ್ಗೆ ಅವಳು ಹೊರಟಾಗ ಅವ್ವ "ದೂರಾನಾ ಅಕ್ಕ?" ಎಂದಳು. ಅವಳು ನನ್ನನ್ನು ನೋಡಿ "ಇಲ್ಲೇ, ಹೋಗ್ಬತ್ತೀನಿ" ಎಂದು ಕೆರೆಯ ಕಡೆ ನಡೆದಳು. ಎಪ್ಪತ್ತೊಂಬತ್ತರಲ್ಲಿ ಅವಳು ಹತ್ತಿದ್ದಾಳೆ. ಇಲ್ಲಿ ಇನ್ನೂ ಇಳಿದಿಲ್ಲ. ನಡುವೆ ಎಲ್ಲಿ ತಡವಾಯಿತೆಂದು ತಾವು ವಿಚಾರಿಸಬೇಕು. ಸಾಧ್ಯವಾದರೆ ಅವಳನ್ನು, ಅವಳು ಹೊರಟ ಆ ಸೋಮವಾರವೇ ತಲುಪಿಸಿ, ನಾನು ಏರಿಯ ಮೇಲೆ ಕಾದ ಈ ದಿನಗಳನ್ನು ಲೆಕ್ಕಕ್ಕಿಲ್ಲದಂತೆ ಮಾಡಿಕೊಡಬೇಕು. ತಮ್ಮ ಬಳಿ ಕಾಲ ಬೇಕಾದಷ್ಟಿದೆ. ನನಗೆ ಅರವತ್ತೆಂಟು.

ತಮ್ಮ ಹಡಗಿನ ದಾರಿ ಕಾಯುತ್ತಿರುವ,
ತಮ್ಮ ವಿಶ್ವಾಸಿ,
ಬ್ಯಾಟರಾಯಪ್ಪ

ವಿ.ಸೂ.: ಅವಳ ಕೈರುಚಿ ಕಂಡು ತಮ್ಮ ಹಡಗಿನ ಅಡುಗೆಮನೆಯಲ್ಲೇ ಅವಳನ್ನು ನಿಲ್ಲಿಸಿಕೊಂಡಿದ್ದರೆ ಒಂದು ಮಾತು. ಇಂದಲ್ಲ ನಾಳೆ ತಮ್ಮ ನಾವಿಕರಲ್ಲೊಬ್ಬ ಉಣ್ಣುತ್ತಾ ತನ್ನ ಅವ್ವನ ಸಾರಿನ ಮಾತು ಎತ್ತುತ್ತಾನೆ. ಅವಳು ಕೈ ತೊಳೆದು ಬುಟ್ಟಿ ಎತ್ತಿಕೊಳ್ಳುತ್ತಾಳೆ. ಆಗ ಎಲ್ಲಿಗೆ ಎಂದು ಕೇಳುವ ಧೈರ್ಯ ತಮಗೂ ಬರುವುದಿಲ್ಲ.