ಕಾಲ ಮೇಲೆ ಕಾಲು ಹಾಕಿ ಕುಳಿತ ದೇವತೆ

ಸಂಶೋಧಕನು ತನ್ನ ಶೋಧನೆಗಳನ್ನು ಪಂಡಿತರ ಮುಂದೆ ಧಾರಾಳವಾಗಿ ಹೇಳಬಹುದು. ಅವರು ನಂಬುವುದಿಲ್ಲವಾದ್ದರಿಂದ ಅಪಾಯವೇನೂ ಇಲ್ಲ. ಮನೆಯಲ್ಲಿ ಮಾತ್ರ ಹೇಳಬಾರದು. ಮನೆಯವರು ನಂಬಿಬಿಡುತ್ತಾರೆ. ಈ ತತ್ತ್ವ ನನಗೆ ಹೊಳೆದದ್ದು ನಿವೃತ್ತನಾದ ಮೇಲೆ, ಚಿಕ್ಕೋಡಿಯ ಒಂದು ಹೆರಿಗೆ ಆಸ್ಪತ್ರೆಯ ಬಾಗಿಲಲ್ಲಿ. ಕಾಲ, ಎಂಬತ್ತರ ದಶಕದ ಕೊನೆ. ಮಾಸ ಕಾರ್ತೀಕವೆಂದು ನಾನು, ಮಾರ್ಗಶಿರವೆಂದು ನನ್ನ ಹೆಂಡತಿ. ರಸ್ತೆಯ ತುಂಬ ಕಬ್ಬಿನ ಗಾಡಿಗಳಿದ್ದವೆಂಬ ಸಾಕ್ಷ್ಯವನ್ನು ಮುಂದಿಟ್ಟರೆ ಅದು ಇಬ್ಬರಿಗೂ ಸಮನಾಗಿ ಅನುಕೂಲವಾಗುತ್ತದೆ. ಆದ್ದರಿಂದ ಆ ಪ್ರಶ್ನೆಯನ್ನು ಇನ್ನೂ ಇತ್ಯರ್ಥಗೊಳಿಸಿಲ್ಲ.

ನನ್ನ ಕ್ಷೇತ್ರ ಪ್ರಾಚೀನ ಗ್ರೀಕರ ಸಣ್ಣ ದೇವತೆಗಳು. ದೊಡ್ಡವರನ್ನು ಎಲ್ಲರೂ ಬಲ್ಲರು. ನನ್ನವರು ಮದುವೆಗೆ ಬಂದರೂ ಕೊನೆಯ ಪಂಕ್ತಿಯಲ್ಲಿ ಕೂರುವವರು: ಒಂದೊಂದೇ ಚಿಲುಮೆಯನ್ನು ಕಾಯುವ ಜಲಕನ್ಯೆಯರು, ತಮ್ಮ ಮರ ಬಿದ್ದ ದಿನವೇ ತಾವೂ ಸಾಯುವ ವನಕನ್ಯೆಯರು, ಹೆರಿಗೆಯೊಂದನ್ನೇ ನೋಡಿಕೊಳ್ಳುವ ಐಲಿಥಿಯಾ. “ಇದರಿಂದ ಅಥಣಿ-ರಾಯಬಾಗದ ಮಂದಿಗೆ ಏನ ಉಪಯೋಗರಿ?” ಎಂದು ಬೀಗರು ಕೇಳಿದಾಗಲೆಲ್ಲ ನಾನು ಮುಗುಳ್ನಗುತ್ತಿದ್ದೆ. ಉತ್ತರ ಗೊತ್ತಿಲ್ಲದ ವಿದ್ವಾಂಸನಿಗೆ ಮುಗುಳ್ನಗೆಯೇ ಆಧಾರ.

ಮಗಳು ಸುಮಿತ್ರಾ ಚೊಚ್ಚಲ ಹೆರಿಗೆಗೆಂದು ಮನೆಗೆ ಬಂದಿದ್ದಳು. ಬಾಣಂತನಕ್ಕೆ ಪಾಲಬಾವಿಯಿಂದ ನನ್ನ ಅತ್ತೆಯೂ ಬಂದರು. ಎಪ್ಪತ್ತು ದಾಟಿದ್ದರೂ ಅವರದು ಕುರಿ ಕಾದ ದನಿ. ಹೊಲದ ಆಚೆಯ ಕುರಿಯೂ ತಿರುಗಿ ನೋಡಬೇಕು. ಒಂದು ಮಧ್ಯಾಹ್ನ ಊಟಕ್ಕೆ ಕುಳಿತಾಗ, ಪ್ರಸಂಗೋಚಿತವೆಂದು ಭಾವಿಸಿ ಐಲಿಥಿಯಾಳ ಕಥೆ ಹೇಳಿದೆ. ದೇವರಾಣಿ ಹೀರಾಳಿಗೆ ಸವತಿಯ ಮೇಲೆ ಹೊಟ್ಟೆಕಿಚ್ಚು. ಸವತಿಗೆ ಹೆರಿಗೆಯಾಗದಂತೆ ತಡೆಯಲು ಅವಳು ಐಲಿಥಿಯಾಳನ್ನು ಕಳಿಸುತ್ತಾಳೆ. ಈಕೆ ಬಾಗಿಲಲ್ಲಿ ಕಾಲ ಮೇಲೆ ಕಾಲು ಹಾಕಿ, ಬೆರಳಿಗೆ ಬೆರಳು ಹೆಣೆದು ಕೂರುತ್ತಾಳೆ. ಒಳಗೆ ಕೂಸು ಅಲ್ಲೇ ನಿಲ್ಲುತ್ತದೆ. ಕೊನೆಗೆ ಗಲಾಂಥಿಸ್ ಎಂಬ ದಾಸಿ ಹೊರಗೆ ಬಂದು “ಹೆರಿಗೆಯಾಯಿತು!” ಎಂದು ಸುಳ್ಳು ಕೂಗುತ್ತಾಳೆ. ದೇವತೆ ಬೆಚ್ಚಿ ಎದ್ದುಬಿಡುತ್ತಾಳೆ. ಕಾಲು ಬಿಚ್ಚಿತು, ಕೂಸು ಹುಟ್ಟಿತು.

ಅತ್ತೆ ತುಸುವೂ ಬೆರಗಾಗಲಿಲ್ಲ. “ಇದರಾಗ ಹೊಸಾದೇನೈತಿ ಅಳಿಯಾರ? ನಮ್ಮ ಊರಾಗ ಬ್ಯಾನಿ ಸುರುವಾತಂದ್ರ ಮನ್ಯಾಗಿನ ಗಂಟೆಲ್ಲ ಬಿಚ್ಚತೀವಿ. ದನದ ಹಗ್ಗಾನೂ ಬಿಡೂದಿಲ್ಲ.”

ಬೆರಗಾದವನು ನಾನು. ತುತ್ತು ಕೈಯಲ್ಲೇ ಉಳಿಯಿತು. “ಈ ಪದ್ಧತಿ ಯಾವ ಕಾಲದ್ದು?”

“ನಮ್ಮತ್ತಿ ಬಿಚ್ಚತಿದ್ಲು.”

“ಅದಕ್ಕೂ ಮೊದಲು?”

“ಅಕಿ ಅತ್ತಿ.”

“ಅಂದರೆ ಸುಮಾರು ಯಾವ ಶತಮಾನ?”

“ಅಳಿಯಾರ, ರೊಟ್ಟಿ ಆರಾಕತ್ತೈತಿ. ಉಣ್ರಿ.”

ಕೆಲವು ದಿನಗಳಲ್ಲೇ ಬೆಳಗಿನ ಜಾವ ಸುಮಿತ್ರಾಳಿಗೆ ನೋವು ಬಂತು. ಆಸ್ಪತ್ರೆಗೆ ಸೇರಿಸಿದೆವು. ಮಧ್ಯಾಹ್ನವಾದರೂ ಹೆರಿಗೆಯಾಗಲಿಲ್ಲ. ಡಾಕ್ಟರಮ್ಮ ಹೊರಗೆ ಬಂದು, ಇನ್ನೂ ಸ್ವಲ್ಪ ಹೊತ್ತು ನೋಡುವುದಾಗಿಯೂ, ಆಗದಿದ್ದರೆ ಬೆಳಗಾವಿಗೆ ಒಯ್ಯಬೇಕಾಗುವುದೆಂದೂ ಹೇಳಿದರು. ಕಬ್ಬಿನ ಗಾಡಿಗಳ ನಡುವೆ, ಆ ಸ್ಥಿತಿಯಲ್ಲಿ, ಬೆಳಗಾವಿ! ಬಾಗಿಲೆದುರಿನ ಬೆಂಚಿನ ಮೇಲೆ ಕುಸಿದು, ಮಗಳನ್ನು ಬಿಟ್ಟು ಬೇರೇನನ್ನೂ ಯೋಚಿಸಲಾರದೆ ಕುಳಿತೆ.

“ಅಳಿಯಾರ!” ಅತ್ತೆ ನನ್ನ ಮೊಣಕಾಲನ್ನೇ ನೋಡುತ್ತಿದ್ದರು. “ಕಾಲ ಇಳಸ್ರಿ. ಹುಡುಗಿ ಒಳಗ ಒದ್ದಾಡಾಕತ್ತಾಳ, ನೀವು ಬಾಗಲದಾಗ ಗಂಟ ಹಾಕ್ಕೊಂಡ ಕುಂತೀರಿ!”

ಕೆಳಗೆ ನೋಡಿಕೊಂಡು ದಂಗಾದೆ. ಕಾಲ ಮೇಲೆ ಕಾಲು; ಮೊಣಕಾಲ ಮೇಲೆ ಬೆರಳಿಗೆ ಬೆರಳು ಹೆಣೆದ ಕೈ. ಓದುವಾಗ ರೂಢಿಯಾದ ನನ್ನ ಭಂಗಿ ಐಲಿಥಿಯಾಳ ಭಂಗಿಗೆ ತಾಳೆಯಾಗುತ್ತಿತ್ತು.

“ಅತ್ತೀ, ಅತಿ ಹಳೆಯ ಪಠ್ಯದಲ್ಲಿ ಕಾಲಿನ ಮಾತೇ ಇಲ್ಲ. ಅದನ್ನು ಎಷ್ಟೋ ಶತಮಾನಗಳ ಮೇಲೆ ರೋಮಿನವರು...”

“ಯಾರರ ಸೇರಸ್ಲಿ, ನೀವ್ ತಗೀರಿ.”

ತೆಗೆದೆ. ಒಳಗಿನಿಂದ ಮಗಳ ನರಳಾಟ ಕೇಳಿಸಿತು. “ಅಯ್ಯ, ಮತ್ತ ಹಾಕಿದ್ರಲ್ರೀ!” ಎಂದು ಹೆಂಡತಿ ಚೀರಿದಳು. ಮತ್ತೆ ಇಳಿಸಿದೆ. ಗಾಬರಿಯಾದಷ್ಟೂ ಕಾಲು ತಾನಾಗಿಯೇ ಏರುತ್ತಿತ್ತು. ಅತ್ತೆ ನನ್ನನ್ನು ಒಮ್ಮೆ ದಿಟ್ಟಿಸಿ, ಕೈಬಿಟ್ಟವರಂತೆ ಒಳಗೆ ಹೋದರು.

ಮರುಗಳಿಗೆಯಲ್ಲಿ ಬಾಗಿಲು ಧಡಾರನೆ ತೆರೆಯಿತು. “ಹಡದಳ್ರೀ! ಗಂಡಮಗ ಹುಟ್ಯಾನ್ರೀ!”

ಆ ದನಿಗೆ ಇಡೀ ಓಣಿ ತಿರುಗಿರಬೇಕು. ನಾನು ಬೆಂಚಿನಿಂದ ಹಾರಿದೆ. ಒಂದು ಚಪ್ಪಲಿ ಅಲ್ಲೇ ಉಳಿಯಿತು, ಕನ್ನಡಕ ಜಾರಿತು. ಬಾಗಿಲಿಗೆ ಓಡಿದರೆ ನರ್ಸ್‌ಬಾಯಿ ಅಡ್ಡ ನಿಂತರು. “ಯಾರ ಹೇಳಿದ್ರು ಸಾಹೇಬ್ರ? ಇನ್ನೂ ಆಗಿಲ್ರಿ.”

ತಿರುಗಿ ನೋಡಿದೆ. ಅತ್ತೆ ನನ್ನ ಬೆಂಚಿನ ಮೇಲೆ ಅಡ್ಡಲಾಗಿ ಎರಡೂ ಕಾಲು ನೀಡಿ, ಇನ್ನೊಬ್ಬರಿಗೆ ಜಾಗವಿಲ್ಲದಂತೆ ಕುಳಿತಿದ್ದರು. ನಾನೇ ಹೇಳಿದ ಕಥೆಯಿಂದ, ನನ್ನ ಊಟದ ಮನೆಯಲ್ಲಿ ಕಲಿತ ವಿದ್ಯೆಯಿಂದ, ನನ್ನನ್ನೇ ಎಬ್ಬಿಸಿದ್ದರು! ಬೆಂಚಿನಡಿಯ ಚಪ್ಪಲಿಗಾಗಿ ಬಗ್ಗಿದೆ. ಅಷ್ಟರಲ್ಲಿ ಒಳಗಿನಿಂದ ಕೂಸಿನ ಅಳು ಕೇಳಿತು.

ಕಾಗೆ ಕೂರುವುದಕ್ಕೂ ಟೊಂಗೆ ಮುರಿಯುವುದಕ್ಕೂ ಸರಿಹೋಯಿತೆಂದು ಎಲ್ಲರಿಗೂ ವಿವರಿಸಿದೆ. ಯಾರೂ ಕೇಳಲಿಲ್ಲ, ಎಲ್ಲರ ಬಾಯಲ್ಲೂ ಪೇಡೆ. ಕಥೆಯಲ್ಲಿ ಮೋಸಹೋದ ದೇವತೆ ಆ ದಾಸಿಯನ್ನು ಮುಂಗುಸಿಯಂಥ ಪ್ರಾಣಿಯನ್ನಾಗಿ ಮಾಡಿದಳೆಂದು ಪಾಠ. ನನ್ನಿಂದ ಅದು ಆಗುವಂತಿರಲಿಲ್ಲ. ಆದರೂ ಒಂದು ತಪ್ಪನ್ನಾದರೂ ಎತ್ತಿ ತೋರಿಸೋಣವೆಂದು, “ಗಂಡುಮಗ ಅಂದಿರಿ, ಹುಟ್ಟಿದ್ದು ಹೆಣ್ಣು” ಎಂದೆ.

ಅತ್ತೆ ಮೊಮ್ಮಗಳ ಮಗಳನ್ನು ತೊಡೆಯ ಮೇಲೆ ಸರಿಮಾಡಿಕೊಂಡರು. “ಹೆಣ್ಣ ಅಂದಿದ್ರ ನೀವು ಅಷ್ಟ ಜಿಗೀತಿದ್ರೇನ್ರಿ?”

ಎಲ್ಲ ಶತಮಾನಗಳ ಎಲ್ಲ ಪಠ್ಯಗಳನ್ನು ಮನಸ್ಸಿನಲ್ಲೇ ತಿರುವಿ ಹಾಕಿದೆ. ಈ ಪ್ರಶ್ನೆಗೆ ಇಂದಿಗೂ ನನ್ನಲ್ಲಿ ಆಧಾರಸಹಿತ ಉತ್ತರವಿಲ್ಲ.

ಸುದ್ದಿ ನಮ್ಮ ಮನೆಯ ಓಣಿಯಲ್ಲೂ ಹಬ್ಬಿತು. ಅಂದಿನಿಂದ ಯಾರ ಮನೆಯಲ್ಲಿ ನೋವು ಕಾಣಿಸಿಕೊಂಡರೂ ಆಸ್ಪತ್ರೆಗೆ ಹೊರಡುವ ಮುನ್ನ ನಮ್ಮ ಬಾಗಿಲಿಗೊಂದು ಮಾತು ಬರುತ್ತದೆ: “ಸಾಹೇಬ್ರಿಗೆ ಕಾಲ ಇಳಿಸಿ ಕುಂದ್ರಾಕ ಹೇಳ್ರಿ.” ಮರೆತುಹೋದ ಒಬ್ಬ ದೇವತೆಯ ಗುಡಿಗಾಗಿ ಆಯುಷ್ಯವೆಲ್ಲ ಹುಡುಕಿದೆ, ಅದು ನನ್ನ ಪಡಸಾಲೆಯಲ್ಲೇ ಸ್ಥಾಪನೆಯಾಯಿತು. ಈ ಪ್ರಬಂಧ ಬರೆಯುತ್ತಿದ್ದಾಗಲೂ ಪಕ್ಕದ ಮನೆಯವರು ಕಿಟಕಿಯಲ್ಲಿ ಇಣುಕಿ, ತಮ್ಮ ಎಮ್ಮೆ ಬೆಳಗಿನಿಂದ ಒದ್ದಾಡುತ್ತಿದೆಯೆಂದರು. ಜಾನುವಾರುಗಳ ವಿಷಯದಲ್ಲಿ ಐಲಿಥಿಯಾಳಿಗೆ ಅಧಿಕಾರವಿತ್ತೆಂಬುದಕ್ಕೆ ಯಾವ ಆಧಾರವೂ ಇಲ್ಲವೆಂದು ಹೇಳಲು ಬಾಯಿ ತೆರೆದೆ. ನೋಡಿಕೊಂಡರೆ, ಕಾಲು ಆಗಲೇ ಇಳಿದಿತ್ತು.