ಗುಡ್ಡ ಹತ್ತಿದ ಲಾಗರಿದಮ್

"ಈ ಲಾಗರಿದಮ್ಮನ್ನ ಜೀವಮಾನದಲ್ಲಿ ಯಾರಾದ್ರೂ ಬಳಸಿದ್ದುಂಟಾ ಮೇಷ್ಟ್ರೇ?" ಎಂದು ಡ್ರಿಲ್ ಮಾಸ್ತರರು ಸ್ಟಾಫ್ ರೂಮಿನಲ್ಲಿ ಕೇಳಿದ್ದೇ ಎಲ್ಲ ಫಜೀತಿಗೂ ಮೂಲ. ಗಣಿತದ ಮೇಷ್ಟ್ರ ಕೊನೆಯ ಪೀರಿಯಡ್ಡಿನ ಮೇಲೆ ಅವರಿಗೆ ಕಣ್ಣು. ಆ ಹೊತ್ತಿನಲ್ಲಿ ಮಕ್ಕಳನ್ನು ಓಡಿಸಬೇಕಿತ್ತು. ಮೇಷ್ಟ್ರಿಗೋ ಅದು ಪ್ರಾಣ. ದಿನವಿಡೀ ನಿಂತು ಸೋತ ಅವರ ದುಂಡು ದೇಹ ಫ್ಯಾನಿನ ಕೆಳಗಿನ ಕುರ್ಚಿಗೆ ಇಳಿಯುತ್ತಿದ್ದುದು ಆಗಲೇ.

ಎಂದೂ ಎದುರಾಡದವರ ಬಾಯಿಂದ ಅಂದು ಮಾತು ಜಾರಿತು. "ಟೇಪು ಹಿಡಿಯದೆ ಹಿತ್ತಲ ಗುಡ್ಡದ ಎತ್ತರ ಹೇಳಬಹುದು. ಮೇಲೆ ಹೋದಷ್ಟೂ ಗಾಳಿಯ ಒತ್ತಡ ಇಳಿಯುತ್ತೆ. ಬುಡದ ಒತ್ತಡ, ತುದಿಯ ಒತ್ತಡ ಗೊತ್ತಿದ್ರೆ ಉಳಿದದ್ದನ್ನ ಲಾಗ್ ಹೇಳುತ್ತೆ."

"ಹೇಳಿಸಿ ನೋಡೋಣ," ಎಂದರು ಬಾಗಿಲಲ್ಲಿ ನಿಂತಿದ್ದ ಹೆಡ್‌ಮಿಸ್. "ತುದೀಲಿ ಬುಡದಿಂದ ಎಷ್ಟು ಎತ್ತರ ಅಂತ ಕೆತ್ತಿರೋ ಕಲ್ಲಿದೆ. ತಾಳೆ ಆದ್ರೆ ಪೀರಿಯಡ್ ನಿಮ್ಮದು. ಇಲ್ಲದಿದ್ರೆ ಅವರದು."

ಗುಡ್ಡವನ್ನು ಎಂದೂ ಹತ್ತದ ಮೇಷ್ಟ್ರು ಆ ಕಲ್ಲನ್ನೇ ನೋಡಿರಲಿಲ್ಲ. ಲ್ಯಾಬಿನಿಂದ ಒತ್ತಡ ಅಳೆಯುವ ಎರಡು ಬ್ಯಾರೋಮೀಟರ್ ತೆಗೆದು, ಒಂದನ್ನು ಗುಡ್ಡದ ಬುಡದಲ್ಲೇ ಇದ್ದ ಶಾಲೆಯ ಆಫೀಸಿನಲ್ಲಿ ಗುಮಾಸ್ತರ ಕೈಗಿತ್ತು, "ಮುಟ್ಟಬೇಡಿ, ಸುಮ್ಮನೆ ನೋಡ್ಕೊಳ್ಳಿ" ಎಂದರು. ಮುಳ್ಳು ಒಂಬೈನೂರ ಅರವತ್ತು ಮಿಲಿಬಾರ್‌ನಲ್ಲಿತ್ತು. ಬರೆದುಕೊಂಡು ಹೊರಟರು, ತುಂಬಿದ ಪೀಪಾಯಿಯೊಂದು ಮೆಟ್ಟಿಲು ಹತ್ತಲು ಹೊರಟಂತೆ.

"ಎಡಗಾಲು, ಬಲಗಾಲು!" ಡ್ರಿಲ್ ಮಾಸ್ತರರ ಸೀಟಿ ಮುಂದಿತ್ತು, ಹೆಡ್‌ಮಿಸ್ ಹಿಂದಿದ್ದರು. "ಗಾಳೀಲಿ ಇಳಿಯೋ ಒತ್ತಡ ಎಲ್ಲಾ ನಿಮ್ಮ ಎದೇಲಿ ಏರ್ತಿರೋ ಹಾಗಿದೆ ಮೇಷ್ಟ್ರೇ!"

ತುದಿಯಲ್ಲಿ ಒಂಬೈನೂರ ಇಪ್ಪತ್ತಾರು. ಮೇಷ್ಟ್ರು ಒಂದು ಕಲ್ಲಿಗೆ ಒರಗಿ ಏದುಸಿರಿನಲ್ಲೇ ಲಾಗ್ ಪುಸ್ತಕ ತಿರುವಿದರು. ಹವೆಯ ಬಿಸಿಯನ್ನೂ ಲೆಕ್ಕಕ್ಕೆ ಸೇರಿಸಿ, "ಮುನ್ನೂರ ಒಂಬತ್ತು ಮೀಟರ್!" ಎಂದರು.

"ಸ್ವಲ್ಪ ಸರೀರಿ." ಡ್ರಿಲ್ ಮಾಸ್ತರರು ಅವರನ್ನು ಬದಿಗೆ ನೂಕಿದರು. ಬೆನ್ನ ಹಿಂದೆ ಅವಿತಿದ್ದ ಅಂಕಿ ಹೊರಬಂತು: ಇನ್ನೂರ ಎಪ್ಪತ್ತಮೂರು. "ಹೆಚ್ಚಿನದು ಎಲ್ಲಿಂದ ಬಂತು? ನಿಮ್ಮ ಹೊಟ್ಟೆಯನ್ನೂ ಅಳೆದ್ರಾ?"

ಮೇಷ್ಟ್ರ ಕಣ್ಣ ಮುಂದೆ ಕುರ್ಚಿಯೂ ಫ್ಯಾನೂ ದೂರವಾಗತೊಡಗಿದವು. ಅಷ್ಟರಲ್ಲಿ ತಣ್ಣನೆಯ ಗಾಳಿ ಕೆನ್ನೆಗೆ ತಾಗಿತು. ತಲೆಯೆತ್ತಿದರೆ ಕಪ್ಪು ಮೋಡ. ಥಟ್ಟನೆ ಹೊಳೆಯಿತು: ಹವೆ ಕೆಡುತ್ತಿದ್ದರೆ ಬುಡದಲ್ಲೂ ಒತ್ತಡ ಇಳಿದಿರಬೇಕಲ್ಲ! ತಾನು ಲೆಕ್ಕಕ್ಕೆ ಹಿಡಿದದ್ದು ಹತ್ತುವ ಮುಂಚಿನ ಅಂಕಿ. ಫೋನು ಹಚ್ಚಿದರು.

ಗುಮಾಸ್ತರ ದನಿ ಅಳುವಂತಿತ್ತು. "ದೇವರಾಣೆ ನಾನು ಮುಟ್ಟಿಲ್ಲ ಸಾರ್! ಮುಳ್ಳು ತಾನಾಗೇ ಇಳೀತು. ಎರಡು ಸಲ ತಟ್ಟಿದೆ, ಏರಲಿಲ್ಲ. ಬೈತೀರಿ ಅಂತ ಬೀರು ಹಿಂದೆ ಬಚ್ಚಿಟ್ಟಿದೀನಿ."

"ಎಷ್ಟಕ್ಕೆ ಇಳಿದಿದೆ, ಅದನ್ನ ಹೇಳ್ರೀ!"

"ಒಂಬೈನೂರ ಐವತ್ತಾರು."

"ನಿಮ್ಮ ಬಾಯಿಗೆ ಸಕ್ಕರೆ ಹಾಕ!"

ಪೆನ್ನು ಓಡಿತು. ಇನ್ನೂರ ಎಪ್ಪತ್ತಮೂರು! ಹೆಡ್‌ಮಿಸ್ ಕಲ್ಲನ್ನೊಮ್ಮೆ, ಕಾಗದವನ್ನೊಮ್ಮೆ ನೋಡಿ ಚಪ್ಪಾಳೆ ತಟ್ಟಿದರು. ಡ್ರಿಲ್ ಮಾಸ್ತರರ ಬಾಯಿಂದ ಸೀಟಿ ಜಾರಿತು. ಮೊದಲ ಸಲ ಅಷ್ಟು ಎತ್ತರದಲ್ಲಿ ನಿಂತ ಮೇಷ್ಟ್ರು ಎದೆಯುಬ್ಬಿಸಿದರು. ಅಂಗಿಯ ಗುಂಡಿಯೊಂದು ಹಾರಿದ್ದೂ ತಿಳಿಯಲಿಲ್ಲ.

"ಪೀರಿಯಡ್ ನಿಮ್ಮದೇ," ಎಂದರು ಹೆಡ್‌ಮಿಸ್. "ಇಂಥ ಪಾಠವನ್ನ ಇಷ್ಟು ವರ್ಷ ಫ್ಯಾನ್ ಕೆಳಗೆ ಕೂತು ಮಾಡಿದ್ರಾ? ಇನ್ನು ಮೇಲೆ ಕೊನೇ ಪೀರಿಯಡ್ ಇಲ್ಲೇ ನಡೀಲಿ."

"ದಿನಾ?" ಮೇಷ್ಟ್ರ ದನಿ ಉಡುಗಿತು.

"ಒತ್ತಡ ನಿಂತಲ್ಲಿ ನಿಲ್ಲಲ್ಲ ಅಂತ ನೀವೇ ತೋರಿಸಿದ್ರಲ್ಲ. ದಿನಾ ಅಳೀಬೇಕು."

ಡ್ರಿಲ್ ಮಾಸ್ತರರು ಬಿದ್ದ ಸೀಟಿಯನ್ನೆತ್ತಿ ಒರೆಸಿಕೊಂಡರು. ಮುಖ ಅರಳಿತ್ತು. "ಮಕ್ಕಳನ್ನ ಓಡಿಸ್ಕೊಂಡು ಹತ್ತಿಸೋದು ನನಗಿರಲಿ ಮೇಡಂ. ಮೇಷ್ಟ್ರನ್ನೂ ಸೇರಿಸಿ!"

ಸೀಟಿ ಮೊಳಗಿತು. ಗೆದ್ದ ಮೇಷ್ಟ್ರ ಎಡಗಾಲು ತಾನಾಗೇ ಎದ್ದಿತು.